ಅತ್ತೆಯ ಮಂಚದಡಿಯ ಸೀರಮ್

ನನ್ನ ಎರಡೂ ಕೆನ್ನೆಯ ಮೇಲೆ ಬಂಗು ಇದೆ. ಮಗ ಹುಟ್ಟಿದ ಮೇಲೆ ಬಂದದ್ದು, ಮಗನಿಗೆ ಮೀಸೆ ಬಂದರೂ ಹೋಗಿಲ್ಲ. ಬಂಗಿನಿಂದ ನೋವಿಲ್ಲ, ತುರಿಕೆಯಿಲ್ಲ, ಅದರ ತೊಂದರೆಯೆಲ್ಲ ನೋಡುವವರಿಗೆ. ಶಿರಂಗಾಲದಿಂದ ಕುಶಾಲನಗರಕ್ಕೆ ಬಸ್ಸಿನಲ್ಲಿ ಹೋಗುವಾಗ ಪಕ್ಕದಲ್ಲಿ ಕೂತ ಗುರುತಿಲ್ಲದ ಹೆಂಗಸು ಕೂಡ ಟಿಕೆಟ್ ತೆಗೆದುಕೊಳ್ಳುವ ಮೊದಲೇ ನನ್ನ ಮುಖಕ್ಕೊಂದು ಮದ್ದು ಹೇಳುತ್ತಾಳೆ. ಒಬ್ಬಳು ಜಾಯಿಕಾಯಿ ತೇಯ್ದು ಹಚ್ಚಿ ಎಂದರೆ ಇನ್ನೊಬ್ಬಳು ರಕ್ತಚಂದನ ಎನ್ನುತ್ತಾಳೆ. ನಾನು ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುವವಳು. ಒಂದಿಡೀ ಕ್ಲಾಸನ್ನು ಬರೀ ನೋಟದಲ್ಲೇ ಸುಮ್ಮನಾಗಿಸಬಲ್ಲೆ. ಈ ಹೆಂಗಸರನ್ನು ಸುಮ್ಮನಾಗಿಸಲು ಈವರೆಗೆ ಆಗಿಲ್ಲ.

ಇವರೆಲ್ಲರನ್ನೂ ಮೀರಿಸಿದವರು ನನ್ನ ಅತ್ತೆ. ಕಣ್ಣಿನ ಪೊರೆ ತೆಗೆಸಿಕೊಳ್ಳುವ ತನಕ ಅತ್ತೆಗೂ ನನಗೂ ಚೆನ್ನಾಗಿಯೇ ಹೊಂದಿಕೆಯಾಗಿತ್ತು. ಆಪರೇಷನ್ ಆಗಿ ಪಟ್ಟಿ ಬಿಚ್ಚಿದ ದಿನ ಅವರು ಮೊದಲು ಕಂಡದ್ದು ನನ್ನ ಮುಖ.

“ಮೊಕಕ್ಕೆ ಮಸಿ ಮೆತ್ಕಂಡೈತೆ, ತೊಳ್ಕಂಡು ಬಾರೇ,” ಅಂದರು.

ತೊಳೆದೇ ಬಂದಿದ್ದೆ. ಅಂದಿನಿಂದ ದಿನಾ ಬೆಳಿಗ್ಗೆ ಲಿಂಗಪೂಜೆ ಮುಗಿಸಿ, ಹಣೆ ತುಂಬ ವಿಭೂತಿ ಧರಿಸಿ ಕಾಫಿಗೆ ಬಂದು ಕೂತರೆ ಅದೇ ಮಾತು. ಕೇಡಿಗೆಂದು ಅವರು ಹೇಳುತ್ತಿರಲಿಲ್ಲ. ಮನೆಯಲ್ಲಿ ಎಲ್ಲಿ ಕಪ್ಪು ಕಂಡರೂ ತಿಕ್ಕಿಸುವುದು ಅವರ ಸ್ವಭಾವ, ಅದರಲ್ಲಿ ಹಂಡೆ, ಬಿಂದಿಗೆ, ಸೊಸೆ ಎಂಬ ಭೇದವಿಲ್ಲ. ಆದರೂ ನನಗೆ ಸಿಟ್ಟು ಬರುತ್ತಿತ್ತು, ಸಿಟ್ಟಿಗಿಂತ ಹೆಚ್ಚಾಗಿ ಅಳು ಬರುತ್ತಿತ್ತು. ಎಷ್ಟೋ ಸಲ ಬಚ್ಚಲಿಗೆ ಹೋಗಿ ನಿಜವಾಗಿಯೂ ಇನ್ನೊಮ್ಮೆ ತೊಳೆದುಕೊಂಡು ಬಂದದ್ದೂ ಉಂಟು.

ಹೀಗಿರುವಾಗ ನನ್ನ ಅಣ್ಣನ ಮಗಳ ಮದುವೆ ಗೊತ್ತಾಯಿತು. ಧಾರೆಯ ಹೊತ್ತಿಗೆ ಸೋದರತ್ತೆಯಾದ ನಾನು ಕಳಸ ಹಿಡಿದು ಹುಡುಗಿಯ ಪಕ್ಕದಲ್ಲೇ ನಿಲ್ಲಬೇಕು. ಒಂದು ಫೋಟೊದಿಂದಲೂ ತಪ್ಪಿಸಿಕೊಳ್ಳುವಂತಿಲ್ಲ. ಹಿಂದೆ ನನ್ನ ಮೈದುನನ ಮದುವೆಯಲ್ಲಿ ಫೋಟೊದವನು ನನ್ನ ಮೇಲೆ ಕನಿಕರಪಟ್ಟು ಕಂಪ್ಯೂಟರಿನಲ್ಲಿ ಮುಖಕ್ಕೆ ಸುಣ್ಣ ಹೊಡೆದಿದ್ದ, ಕುತ್ತಿಗೆಯನ್ನು ಮರೆತಿದ್ದ. ಆಲ್ಬಂ ನೋಡಿದವರೆಲ್ಲ “ಇದ್ಯಾರು?” ಎಂದು ಕೇಳಿದರು. ನನ್ನ ಮಗನೂ ಕೇಳಿದ. ಈ ಸಲವಾದರೂ ಆಲ್ಬಮ್ಮಿನಲ್ಲಿ ನಾನು ನಾನಾಗಿಯೇ ಕಾಣಬೇಕು, ಬಂಗು ಮಾತ್ರ ಕಾಣಬಾರದು ಎಂದು ನನಗೆ ತುಂಬ ಆಸೆಯಾಯಿತು.

ಶಾಲೆಯಲ್ಲಿ ನನ್ನ ಗೆಳತಿಯೊಬ್ಬಳಿದ್ದಾಳೆ, ವಿಜ್ಞಾನದ ಟೀಚರ್, ಬಿಟ್ಟಂಗಾಲದ ಕಾಫಿ ತೋಟದ ಮನೆಯ ಕೊಡವರ ಹೆಣ್ಣುಮಗಳು. ಮುಖಕ್ಕೆ ಸೀರಮ್ ಹಚ್ಚು, ಅದರಲ್ಲಿ ಆ್ಯಂಟಿಆಕ್ಸಿಡೆಂಟ್ ಇರಬೇಕು ಎಂದಳು. ಹಾಗೆಂದರೇನು ಎಂದೆ.

“ಬದನೆಕಾಯಿ ಹೆಚ್ಚಿಟ್ರೆ ಕಪ್ಪಾಗುತ್ತಲ್ಲ, ಅದು ಆಕ್ಸಿಡೇಷನ್. ಕಪ್ಪಾಗದ ಹಾಗೆ ನಿಂಬೆಹುಳಿ ಹಿಂಡ್ತೀಯಲ್ಲ, ಅದು ಆ್ಯಂಟಿಆಕ್ಸಿಡೆಂಟ್. ಅಷ್ಟೇ ಮಾರಾಯ್ತಿ.”

ನನ್ನ ಮುಖ ಹೆಚ್ಚಿಟ್ಟ ಬದನೆಕಾಯಿ ಎಂದು ಒಪ್ಪಿಕೊಂಡ ಮೇಲೆ ಮುಂದಿನ ಕೆಲಸ ಸುಲಭವಾಯಿತು. ಕಾಫಿಯಲ್ಲಿ ಆ್ಯಂಟಿಆಕ್ಸಿಡೆಂಟ್ ರಾಶಿ ಬಿದ್ದಿದೆ ಎಂದು ಮೊಬೈಲು ಹೇಳಿತು. ಕೊಡಗಿನಲ್ಲಿದ್ದು ಕಾಫಿಗೆ ಬರವೇ? ಮನೆಯ ಪುಡಿಯನ್ನೇ ಗ್ಲಿಸರಿನ್ನಿನಲ್ಲಿ ನೆನೆಸಿ, ಸೋಸಿ, ಹಚ್ಚಿಕೊಂಡು ಮಲಗಿದೆ. ನಮ್ಮ ಪುಡಿಯಲ್ಲಿ ಅರ್ಧಕ್ಕರ್ಧ ಚಿಕೋರಿ ಎಂಬುದು ಮರೆತುಹೋಗಿತ್ತು. ಬೆಳಿಗ್ಗೆ ಎದ್ದು ನೋಡಿದರೆ ನನ್ನ ಬಂಗು ಹಾಗೇ ಇತ್ತು, ದಿಂಬಿಗೂ ಬಂಗು ಬಂದಿತ್ತು. ಆಮೇಲೆ ಕಿತ್ತಳೆ ಸಿಪ್ಪೆಯ ಪ್ರಯೋಗ. ಅದನ್ನು ಹಚ್ಚಿದ ದಿನ ಮುಖ ಮೆಣಸಿನಕಾಯಿ ತಾಗಿದಂತೆ ಉರಿದು, ಮಕ್ಕಳೆಲ್ಲ ಟೀಚರ್‌ಗೆ ಭಾರೀ ಕೋಪ ಬಂದಿದೆ ಎಂದು ತಿಳಿದು ಹೋಂವರ್ಕ್ ಮಾಡಿಕೊಂಡು ಬಂದರು. ಆ ಸೀರಮ್ಮಿನಿಂದ ಆದ ಒಳ್ಳೆಯದು ಅದೊಂದೇ.

ಕೊನೆಗೆ ಕೈಹಿಡಿದದ್ದು ಹಿತ್ತಲಿನ ನೆಲ್ಲಿಕಾಯಿ. ನೆಲ್ಲಿಕಾಯಿ ಜಜ್ಜಿ ರಸ ಹಿಂಡಿ, ಲೋಳೆಸರದ ತಿರುಳು ಕಡೆದು, ಜೇನು, ಪನ್ನೀರು, ನಾಲ್ಕು ಹನಿ ಗ್ಲಿಸರಿನ್ ಸೇರಿಸಿ, ಬಿಳಿ ಪಂಚೆಯ ತುಂಡಿನಲ್ಲಿ ಸೋಸಿದೆ. ಹಚ್ಚಿದರೆ ತಣ್ಣಗಿತ್ತು, ಉರಿಯಲಿಲ್ಲ. ಆದರೆ ಇದಕ್ಕೆ ಬೆಳಕು ತಾಗಬಾರದು, ತಂಪಿನಲ್ಲಿಡಬೇಕು, ವಾರಕ್ಕೊಮ್ಮೆ ಹೊಸದಾಗಿ ಮಾಡಬೇಕು ಎಂದಳು ಗೆಳತಿ. ಕಪ್ಪು ಗಾಜಿನ ಬಾಟಲಿಗೆ ಎಲ್ಲಿ ಹೋಗಲಿ?

ಬಾಟಲಿ ಮನೆಯಲ್ಲೇ ಇತ್ತು. ಅದರದ್ದೊಂದು ಕಥೆ. ಗೆಳತಿಯ ತಾಯಿ, ಕೊಡಗಿನ ಎಷ್ಟೋ ಮನೆಗಳಲ್ಲಿ ಮಾಡುವ ಹಾಗೆ, ಮನೆಯಲ್ಲೇ ನೆಲ್ಲಿಕಾಯಿ ವೈನ್ ಮಾಡುತ್ತಾರೆ. ಹಿಂದೊಮ್ಮೆ ಹುತ್ತರಿ ಹಬ್ಬಕ್ಕೆ ಪ್ರೀತಿಯಿಂದ ಒಂದು ಕಂದು ಬಾಟಲಿ ಕಳಿಸಿದ್ದರು. ಅದೇನೆಂದು ತಿಳಿದ ಕೂಡಲೇ ನಮ್ಮ ಅತ್ತೆ ಕೈಯಿಂದ ಮುಟ್ಟದೆ, ಕಡ್ಡಿಯಲ್ಲಿ ತೋರಿಸಿ, ಪೂರ್ತಿ ತೆಂಗಿನಮರದ ಬುಡಕ್ಕೆ ಸುರಿಸಿದ್ದರು. ಲಿಂಗ ಕಟ್ಟಿದವರ ಮನೆ, ಹೆಂಡದ ವಾಸನೆ ಬರಬಾರದು. ನನ್ನ ಯಜಮಾನರು “ಮರಕ್ಕಿರೋ ಪುಣ್ಯ ನಂಗಿಲ್ಲ” ಎಂದು ನಿಟ್ಟುಸಿರು ಬಿಟ್ಟಿದ್ದರು. ಗಟ್ಟಿ ಬಾಟಲಿ ಎಸೆಯಲು ಮನಸ್ಸು ಬಾರದೆ ನಾನು ತೊಳೆದು ಅಟ್ಟಕ್ಕೆ ಹಾಕಿದ್ದೆ. ಈಗ ಅದನ್ನೇ ಇಳಿಸಿ ಸೀರಮ್ ತುಂಬಿದೆ.

ಫ್ರಿಜ್ಜಿನಲ್ಲಿಟ್ಟರೆ ಯಜಮಾನರು ಶರಬತ್ತೆಂದು ಕುಡಿದುಬಿಟ್ಟಾರೆಂಬ ಭಯ. ಮನೆಯಲ್ಲಿ ಅತ್ಯಂತ ತಂಪಾದ ಕತ್ತಲ ಜಾಗವೆಂದರೆ ಅತ್ತೆಯ ಕೋಣೆಯ ಮಂಚದ ಕೆಳಗಿನ ಮೂಲೆ. ಹಳೆ ಪೇಪರಿನಲ್ಲಿ ಸುತ್ತಿ ಅಲ್ಲಿಟ್ಟೆ. ಅತ್ತೆಗೆ ಹೇಳಲಿಲ್ಲ. ಹೇಳಿದ್ದರೆ “ಈ ವಯಸ್ನಲ್ಲಿ ಸಿಂಗಾರ ಬೇರೆ” ಎಂಬ ಇನ್ನೊಂದು ಮಾತು ದಿನಚರಿಗೆ ಸೇರುತ್ತಿತ್ತು. ಸಂಜೆ ಅವರು ಪೂಜೆಗೆ ಕೂತಾಗ ಒಳಗೆ ನುಗ್ಗಿ, ಹತ್ತಿಯಲ್ಲಿ ಅದ್ದಿ ಮುಖಕ್ಕೆ ಹಚ್ಚಿ, ಸೆರಗಿನಿಂದ ಒತ್ತಿಕೊಳ್ಳುತ್ತ ಹೊರಬರುತ್ತಿದ್ದೆ.

ಸ್ವಲ್ಪ ದಿನದಲ್ಲೇ ಒಂದು ವಿಚಿತ್ರ ಕಂಡಿತು. ನಾನು ಬಳಸುವುದು ಹನಿ ಲೆಕ್ಕದಲ್ಲಿ, ಬಾಟಲಿ ಇಳಿಯುವುದು ಲೋಟದ ಲೆಕ್ಕದಲ್ಲಿ. ಯಜಮಾನರ ಮೇಲೆ ಅನುಮಾನ ಬಂತು. ಶುಂಠಿ ಹೊಲದಿಂದ ಬಂದವರ ಕೆನ್ನೆಯ ಹತ್ತಿರ ಮೂಗು ಒಯ್ದು ಮೂಸಿದೆ. ಅವರು ಬೇರೇನೋ ತಿಳಿದು, “ಏನೇ ಇವತ್ತು?” ಎಂದು ನಾಚಿಕೊಂಡರು. ಕೆನ್ನೆಯಲ್ಲಿ ಬೆವರಿನ ವಾಸನೆ ಬಿಟ್ಟರೆ ಏನೂ ಇರಲಿಲ್ಲ. “ಮುಖಕ್ಕೇನಾದರೂ ಹಚ್ಕೊಂಡ್ರಾ?” ಎಂದು ಕೇಳಿದ ಮೇಲೆ ಎರಡು ದಿನ ಮಾತು ಬಿಟ್ಟರು.

ಅದೇ ಹೊತ್ತಿಗೆ ಅತ್ತೆಯಲ್ಲೂ ಬದಲಾವಣೆ ಶುರುವಾಯಿತು. ಮುಖ ತೊಳೆಯುವ ಮಾತು ನಿಂತುಹೋಯಿತು. “ಏನೇ” ಎನ್ನುತ್ತಿದ್ದವರು “ಮಗಾ” ಎನ್ನತೊಡಗಿದರು. ಶಾಲೆಯಿಂದ ಬಂದರೆ “ದಣ್ಕಂಡು ಬಂದಿದ್ದೀಯ, ಒಸಿ ಕೂತ್ಕ” ಎಂದು ತಾವೇ ಕಾಫಿಗಿಡುತ್ತಿದ್ದರು. ಸಂಜೆಯ ಧಾರಾವಾಹಿ ನೋಡುತ್ತ ನಗಬಾರದ ಕಡೆಯೂ ನಗುತ್ತಿದ್ದರು. ವರ್ಷಗಳಿಂದ ಮಲಬದ್ಧತೆಗೆ ತೆಗೆದುಕೊಳ್ಳುತ್ತಿದ್ದ ಪುಡಿಯನ್ನು ಬೇಡವೆಂದು ಬಿಟ್ಟಿದ್ದರು. ನನಗೆ ಖುಷಿಯೋ ಖುಷಿ. ಮದುವೆಯಾಗಿ ಇಷ್ಟು ವರ್ಷಕ್ಕೆ ಮೊದಲ ಸಲ, ಸಂಜೆ ಬೇಗ ಮನೆ ಸೇರಬೇಕು ಎನ್ನಿಸುತ್ತಿತ್ತು.

ಮದುವೆ ಹತ್ತಿರ ಬಂದಾಗ ಗೆಳತಿ ತನ್ನ ಹವಳದ ಸರವನ್ನು ನನಗೆ ಹಾಕಿಕೊಳ್ಳಲೆಂದು ತಂದಳು. ನಾನು ಅಡುಗೆಮನೆಯಲ್ಲಿ ಕಾಫಿ ಸೋಸುತ್ತಿದ್ದೆ. ನಡುಮನೆಯಲ್ಲಿ ಅತ್ತೆ ದನಿ ತಗ್ಗಿಸಿ ಅವಳೊಂದಿಗೆ ಮಾತಾಡುವುದು ಕೇಳಿಸಿತು. ಅತ್ತೆಯ ತಗ್ಗಿದ ದನಿ ಪಕ್ಕದ ಮನೆಗೂ ಕೇಳಿಸುತ್ತದೆ.

“ನಿನ್ ಕೈ ಮುಗೀತೀನಿ ಕಣವ್ವ, ನನ್ ಸೊಸೆಗೆ ಇನ್ಮೇಲೆ ಆ ವೈನು ಕೊಡ್ಬ್ಯಾಡ.”

“ವೈನಾ? ನಾನು ಕೊಟ್ಟಿಲ್ಲಮ್ಮ!”

“ನಂಗೆಲ್ಲಾ ಗೊತ್ತು. ನಿಮ್ಮನೆ ಬಾಟ್ಲಿ ನಂಗೆ ಗುರ್ತಿಲ್ವಾ? ನನ್ ಮಂಚದ ಕೆಳಗೇ ಮಡಗವ್ಳೆ. ನಾನು ಪೂಜೆಗೆ ಕೂರೋದನ್ನೇ ಕಾದು ಒಳಗೋಯ್ತಾಳೆ, ಮೂತಿ ಒರುಸ್ಕಂಡು ಬತ್ತಾಳೆ. ಚೆಲ್ಲಾನ ಅಂದ್ರೆ ಇನ್ನೊಂದು ತತ್ತಾಳೆ. ಬುಟ್ರೆ ಎಲ್ಲಾನೂ ಅವ್ಳೇ ಕುಡೀತಾಳೆ. ಅದ್ಕೇ ದಿನಾ ನಾನೇ ಎರಡೆರಡು ಒಳಲೆ ಕುಡ್ದು ಕಮ್ಮಿ ಮಾಡ್ತಾ ಇವ್ನಿ.”

ನನ್ನ ಕೈಯಲ್ಲಿದ್ದ ಸೋಸುವ ಬಟ್ಟೆ ಕಾಫಿಯೊಳಗೇ ಬಿತ್ತು. ಮಗನಿಗೆ ಎಳೆತನದಲ್ಲಿ ಔಷಧಿ ಕುಡಿಸುತ್ತಿದ್ದ ಆ ಬೆಳ್ಳಿಯ ಒಳಲೆ ಶೆಲ್ಫಿನಿಂದ ಎಲ್ಲಿ ಹೋಯಿತೆಂದು ನಾನು ವಾರದಿಂದ ಹುಡುಕುತ್ತಿದ್ದೆ.

“ಶಿವ ನನ್ನ ಕ್ಷಮಿಸ್ಲಿ,” ಎಂದರು ಅತ್ತೆ. “ತೆಪ್ಪು ನಂದೇ. ದಿನಾ ಮೊಕ ತೊಳ್ಕ ಮೊಕ ತೊಳ್ಕ ಅಂತ ಕುಟುಕ್ತಿದ್ನಲ್ಲ, ಮನ್ಸಿಗೆ ಅಚ್ಕಂಡು ಈ ಚಟ ಹಿಡುದ್ಲು. ಅಂತೋಳಲ್ಲ ಕಣವ್ವ ಅವ್ಳು. ಬಂಗಾರದಂತೋಳು.” ಹಿಂದೆಯೇ ಸೇರಿಸಿದರು: “ಒಸಿ ಒಗರು ಜಾಸ್ತಿ. ನಿಮ್ಮವ್ವಂಗೆ ಬೆಲ್ಲ ಇನ್ನೊಸಿ ಹಾಕಕ್ಕೇಳು.”

ನಾನು ಸೆರಗು ಬಾಯಿಗೆ ತುರುಕಿಕೊಂಡೆ. ಮೊದಲು ಗಾಬರಿಯಾಯಿತು. ನೆಲ್ಲಿಕಾಯಿ, ಜೇನು, ಪನ್ನೀರು, ಲೋಳೆಸರ. ಲೋಳೆಸರ ಎಂದ ಕೂಡಲೇ ಅತ್ತೆಯ ಹೊಟ್ಟೆಯ ಪುಡಿ ಯಾಕೆ ಬೇಡವಾಯಿತೆಂಬುದೂ ತಿಳಿಯಿತು. ಆಮೇಲೆ ನಗು ಬಂತು. ನಗು ಮುಗಿಯುವಷ್ಟರಲ್ಲಿ ಅಳು ಬಂತು. ಹೆಂಡವನ್ನು ಕಡ್ಡಿಯಲ್ಲಿ ತೋರಿಸಿ ಸುರಿಸಿದ ಈ ಮುದುಕಿ, ನನ್ನ ಪಾಲಿನ ಪಾಪವನ್ನು ತಾನು ಕುಡಿಯುತ್ತಿದ್ದಳು.

ಗೆಳತಿ “ಆಯ್ತಮ್ಮ, ಇನ್ನು ಕೊಡಲ್ಲ” ಎಂದು ಹೇಗೋ ಹೇಳಿ ಅಡುಗೆಮನೆಗೆ ಓಡಿಬಂದು ಕುಕ್ಕರಿಸಿ ನಕ್ಕಳು. “ನಿಜ ಹೇಳಿಬಿಡು” ಎಂದಳು.

ಹೇಗೆ ಹೇಳಲಿ? ಸೊಸೆಯ ಮುಖಕ್ಕೆ ಹಚ್ಚುವ ಮದ್ದನ್ನು ಕುಡಿದೆನೆಂದು ತಿಳಿದರೆ ಅವರು ಮತ್ತೆ ತಲೆಯೆತ್ತುವುದಿಲ್ಲ. ತಲೆಯೆತ್ತಿದರೆ ನನ್ನ ಮುಖ ಕಾಣುತ್ತದೆ, ಮಸಿಯ ಮಾತು ಮರಳಿ ಬರುತ್ತದೆ. ಮುಖಕ್ಕೆ ಮಸಿ ಮೆತ್ತಿಕೊಂಡ ಮರ್ಯಾದಸ್ಥೆಗಿಂತ ಕುಡುಕಿಗೇ ಈ ಮನೆಯಲ್ಲಿ ಪ್ರೀತಿ ಹೆಚ್ಚು. ನಾನು ಕುಡುಕಿಯಾಗಿಯೇ ಉಳಿಯುವುದೆಂದು ತೀರ್ಮಾನಿಸಿದೆ. ಅಂದಿನಿಂದ ಕಂದು ಬಾಟಲಿಗೆ ಬರೀ ನೆಲ್ಲಿರಸ, ಜೇನು, ಬೆರಳ ತುದಿಯಷ್ಟು ಲೋಳೆಸರ, ಜೊತೆಗೆ ಅತ್ತೆ ಹೇಳಿದಂತೆ ಒಂದಚ್ಚು ಬೆಲ್ಲ. ಮುಖದ್ದನ್ನು ಫ್ರಿಜ್ಜಿನಲ್ಲಿ ಹಾಗಲಕಾಯಿಯ ಹಿಂದೆ ಬಚ್ಚಿಟ್ಟೆ. ಯಜಮಾನರು ಆ ಕಡೆ ಕೈ ಹಾಕುವವರಲ್ಲ.

ಮದುವೆಯ ದಿನ ಬಂತು. ಬಂಗು ಹೋಗಿರಲಿಲ್ಲ. ಸ್ವಲ್ಪ ತಿಳಿಯಾಗಿದೆ ಎಂದು ಗೆಳತಿ ಹೇಳಿದಳು, ಗೆಳತಿಯರು ಹೇಳುವುದೇ ಹಾಗೆ. ಕಳಸ ಹಿಡಿದು ಹುಡುಗಿಯ ಪಕ್ಕ ನಿಂತೆ. ಫೋಟೊದವನು ಕ್ಯಾಮೆರಾ ಇಳಿಸಿ, “ಅಕ್ಕ, ಒಸಿ ಆ ಕಡೆ ತಿರುಗಿ, ಕೆನ್ನೆ ಕಪ್ಪಾಗಿ ಬೀಳ್ತಾ ಐತೆ. ಇರ್ಲಿ ಬುಡಿ, ಆಮೇಲೆ ಅಳಿಸ್ತೀನಿ” ಎಂದ. ಮಂಟಪದ ಮುಂದೆ ಕೂತಿದ್ದವರೆಲ್ಲ ನನ್ನ ಕೆನ್ನೆ ನೋಡಿದರು. ನನಗೆ ಕಳಸ ಅಲ್ಲೇ ಇಟ್ಟು ಓಡಿಹೋಗಬೇಕೆನ್ನಿಸಿತು.

ಮುಂದಿನ ಸಾಲಿನಿಂದ ಅತ್ತೆ ಕೋಲೂರಿ ಎದ್ದರು.

“ಏನೂ ಅಳುಸ್ಬ್ಯಾಡ ಕಣಪ್ಪ. ನನ್ ಸೊಸೆ ಮೊಕ ಹೆಂಗೈತೋ ಹಂಗೇ ಬರ್ಲಿ.”

ನನ್ನ ಕಣ್ಣಿಂದ ನೀರು ಇಳಿಯಿತು, ಕಳಸದ ನೀರೂ ತುಳುಕಿತು. ಅತ್ತೆ ಮೆಲ್ಲಗೆ ಮಂಟಪ ಹತ್ತಿ ಬಂದು, ತಮ್ಮ ಸೆರಗಿನಿಂದ ನನ್ನ ಕೆನ್ನೆ ಒರೆಸಿದರು. ಆಮೇಲೆ ಏನೋ ನೆನಪಾದವರಂತೆ ಮುಖದ ಹತ್ತಿರ ಬಂದು ಮೂಸಿ ನೋಡಿದರು.

“ಇವತ್ತು ಕುಡ್ದಿಲ್ಲ ತಾನೆ, ಮಗಾ?”

“ಇಲ್ಲ ಅತ್ತೆ.”

“ನಾನೂ ಕುಡ್ದಿಲ್ಲ,” ಅಂದರು.