ತೊಡೆ ಮೇಲಿನ ಬ್ಯಾಗು

ಮೊನ್ನೆ ಗುರುವಾರ ತೀರ್ಥಹಳ್ಳಿಯ ಆಸ್ಪತ್ರೆಯಲ್ಲಿ ನನಗೆ ಇಂಜೆಕ್ಷನ್ ಕೊಟ್ಟ ನರ್ಸ್ ಮುಖ ನೋಡಿ ನಕ್ಕಳು.

"ಗುರ್ತು ಸಿಗ್ಲಿಲ್ವಾ ಅಕ್ಕ? ಹೊಸನಗರದ ಬಸ್ಸಲ್ಲಿ ನಾನು ನಿಂತಿದ್ದೆ, ನೀವು ನನ್ ಬ್ಯಾಗು ತೊಡೆ ಮೇಲೆ ಇಟ್ಕಂಡಿದ್ರಿ. 'ಎಂಥ ಭಾರನೇ ಮಾರಾಯ್ತಿ, ಇಷ್ಟೆಲ್ಲ ಓದ್ತೀಯಾ? ಮುಂದೆ ಬರ್ತೀಯ ಬಿಡು' ಅಂದ್ರಿ. ಅವತ್ತು ನಾನು ಕಾಲೇಜು ಬಿಡೋಕೆ ಅಂತ ಲೈಬ್ರರಿ ಪುಸ್ತಕ ವಾಪಸ್ ಕೊಡಕ್ಕೆ ಹೊರಟಿದ್ದೆ. ಕೊಡ್ಲಿಲ್ಲ."

ದಿನವೂ ತಾರೀಖು ಹಾಕಿ ಡೈರಿ ಬರೆಯುವ ನನಗೆ ಆ ದಿನವೂ ನೆನಪಿಲ್ಲ, ಅವಳ ಮುಖವೂ ನೆನಪಿಲ್ಲ. ನಿಂತವರ ಬ್ಯಾಗು ಇಟ್ಟುಕೊಳ್ಳುವುದು ನಮ್ಮ ಬಸ್ಸುಗಳಲ್ಲಿ ಎಲ್ಲರೂ ಮಾಡುವುದೇ. ಆ ಮಾತು ನಾನೇ ಆಡಿದ್ದೋ, ಪಕ್ಕದ ಸೀಟಿನವರು ಆಡಿದ್ದೋ?

ನಿನ್ನೆ ಸಾಗರದ ಬಸ್ಸಿನಲ್ಲಿ ಒಬ್ಬ ಹುಡುಗಿಯ ಬ್ಯಾಗು ನನ್ನ ತೊಡೆಗೆ ಬಂತು. ಅವಳು ಇಳಿಯುವ ತನಕ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೇ ಕೂತಿದ್ದೆ.