ಕೋಟೆಗೆ ನೀರು ಸುರಿಯುತ್ತಿದ್ದವರು

ಅವರ ಬಲಗೈಯ ತೋರುಬೆರಳಿಗೆ ಉಗುರೇ ಇರಲಿಲ್ಲ. ಸುಣ್ಣದ ಗಾರೆಯನ್ನು ವರ್ಷಗಟ್ಟಲೆ ಆ ಬೆರಳಿನಿಂದಲೇ ಒತ್ತಿ ಹದ ನೋಡಿದ್ದಕ್ಕೆ ಸುಣ್ಣ ಅದನ್ನು ತಿಂದುಹಾಕಿತ್ತು. ಉಳಿದದ್ದು ಬೆಳ್ಳಗೆ ಸುಲಿದ, ತುದಿ ಚಪ್ಪಟೆಯಾದ ಗೂಟದಂಥ ಬೆರಳು. ಕುರ್ಲಾದ ನಮ್ಮ ಚಾಳಿನ ಮಕ್ಕಳೆಲ್ಲ ಅದಕ್ಕೆ ಹೆದರುತ್ತಿದ್ದೆವು.

ನಾವು ಅವರನ್ನು ಗೌಂಡಿಕಾಕಾ ಎನ್ನುತ್ತಿದ್ದೆವು. ವಿಜಯಪುರದ ಕಡೆಯವರು. ಹಳೆಯ ಕೋಟೆಗಳ ಗೋಡೆ ರಿಪೇರಿ ಮಾಡುವುದು ಅವರ ಕಸುಬಾಗಿತ್ತು. ಚಾಳಿನ ಸಾಲಿನಲ್ಲಿ ನಮ್ಮ ಖೋಲಿಯಿಂದ ಮೂರನೆಯ ಕೋಣೆಯಲ್ಲಿ ಒಬ್ಬರೇ ಇದ್ದರು. ಸಂಜೆ ನಮ್ಮಪ್ಪನ ಹತ್ತಿರ ಊರ ಮಾತಾಡಲು ಬರುವರು. ಮಕ್ಕಳ ಜೊತೆ ನಯವಾಗಿ ಮಾತಾಡುವುದು ಅವರಿಗೆ ಗೊತ್ತೇ ಇರಲಿಲ್ಲ. ನಾನು ಇತಿಹಾಸದ ಪಾಠವನ್ನು ಗಟ್ಟಿಯಾಗಿ ಓದುತ್ತಿದ್ದರೆ ನಡುವೆ ಬಾಯಿ ಹಾಕುತ್ತಿದ್ದರು.

"ಕೋಟಿ ಗೆದ್ರು ಅಂತ ಬರದಾರಲ್ಲ, ತೋಫ ಹಾರಿಸಿ ಒಡದ ಗ್ವಾಡಿ ಮತ್ತ ಕಟ್ಟಿದಾಂವ ಯಾರು?"

ನಾನು ಪುಟ ತಿರುವಿ ಹುಡುಕುತ್ತಿದ್ದೆ.

"ಹುಡುಕಬ್ಯಾಡ, ಇಲ್ಲ ಅದರಾಗ. ಸೋತಾಂವಗ ಕಟ್ಟಿದ್ದ ಗೌಂಡೀನ ಗೆದ್ದಾಂವಗೂ ಕಟ್ಟಿದ. ಕೈ ಕಡದಾರು ಅಂತ ಅಂಜಿ ಕಟ್ಟಿದ. ಮತ್ತ ಒಂದು ಮಾತ ಕೇಳ. ತೋಫಿಗೆ ಬಿದ್ದ ಕೋಟಿ ಕಡಿಮಿ. ನೀರಿಗೆ ಬಿದ್ದದ್ದ ಭಾಳ."

ದೀಪಾವಳಿ ಹತ್ತಿರ ಬಂದರೆ ನಮ್ಮ ಚಾಳಿನ ಅಂಗಳದ ತುಂಬ ಕಿಲ್ಲಾಗಳು, ಮಕ್ಕಳು ಕಟ್ಟುವ ಪುಟ್ಟ ಮಣ್ಣಿನ ಕೋಟೆಗಳು, ಏಳುತ್ತಿದ್ದವು. ಮರಾಠಿ ಮಕ್ಕಳ ರೂಢಿ ಅದು, ನಾವೂ ಕಲಿತಿದ್ದೆವು. ಒಡೆದ ಇಟ್ಟಿಗೆ, ಗೋಣಿಚೀಲ, ಹಳಿಯ ಪಕ್ಕದಿಂದ ಹೊತ್ತು ತಂದ ಮಣ್ಣು. ಬುರುಜು, ಬಾಗಿಲು, ಮೇಲೊಂದು ಹೊಂಡ. ಇಳಿಜಾರಿಗೆ ಸಾಸಿವೆ ಚೆಲ್ಲಿ ಹುಲ್ಲು ಬರಿಸುವುದು. ತುದಿಯಲ್ಲಿ ಸಿಂಹಾಸನದ ಮೇಲೆ ಮಹಾರಾಜರ ಮಣ್ಣಿನ ಗೊಂಬೆ. ನೀರು ತುಂಬುವ ಹಬ್ಬದ ದಿನ ಬೆಳಿಗ್ಗೆ ನಮ್ಮ ಅವ್ವಂದಿರು ಹಂಡೆ ತೊಳೆದು ಪೂಜೆ ಮಾಡುತ್ತಿದ್ದರೆ, ಕಾಕಾ ಬಕೆಟ್ ತುಂಬಿಕೊಂಡು ಅಂಗಳಕ್ಕೆ ಇಳಿಯುತ್ತಿದ್ದರು. ಒಂದೊಂದೇ ಕಿಲ್ಲಾದ ಮೇಲೆ ಸುರಿಯುತ್ತಿದ್ದರು. ಹದಿನೈದು ದಿನದ ಕೆಲಸ ಕೆಸರಾಗಿ ಹರಿಯುತ್ತಿತ್ತು.

"ಬಿತ್ತು" ಎಂದು ಮುಂದಿನ ಕಿಲ್ಲಾಕ್ಕೆ ಹೋಗುವರು. ಅಳುವ ಮಕ್ಕಳ ಕಡೆ ತಿರುಗಿಯೂ ನೋಡುತ್ತಿರಲಿಲ್ಲ. ದೊಡ್ಡವರು ಬೈಯುತ್ತಿದ್ದರು, ಆದರೆ ಯಾರೂ ತಡೆಯುತ್ತಿರಲಿಲ್ಲ. ತಡೆಯದಿರಲು ಕಾರಣವಿತ್ತು. ಅದು ಚಾಳಿಗೆಲ್ಲ ಗೊತ್ತಿದ್ದರೂ ಅವರೆದುರು ಯಾರೂ ಆಡದ ಮಾತು.

ನಾನು ಹುಟ್ಟುವ ಮೊದಲು ಕಾಕಾ ಸಮುದ್ರದ ದಂಡೆಯ ಒಂದು ಕೋಟೆಯ ಗೋಡೆ ರಿಪೇರಿ ಮಾಡಿದ್ದರಂತೆ. ಗಾರೆಯ ಬುಟ್ಟಿ ಹೊರುತ್ತಿದ್ದವರು ಅವರ ಹೆಂಡತಿ, ಚಾಳಿನವರ ಬಾಯಲ್ಲಿ ಕಾಕು. ಗೋಡೆಯ ಬುಡದಲ್ಲಿ ಸಾಲಾಗಿ ಸಣ್ಣ ಸಣ್ಣ ತೂತುಗಳಿದ್ದವು. ಒಳಗೆ ಇಳಿದ ಮಳೆನೀರು ಹೊರಗೆ ಹೋಗಲೆಂದು ಹಳೆಯ ಕಾಲದ ಗೌಂಡಿಗಳು ಬಿಟ್ಟಿದ್ದ ತೂತುಗಳು ಅವು. ಕಾಕಾನಿಗೆ ಅವು ಕಲ್ಲು ಉದುರಿದ ಜಾಗದಂತೆ ಕಂಡವು. ಕೆಲಸ ಚಂದ ಕಾಣಲೆಂದು ಎಲ್ಲವನ್ನೂ ಸಿಮೆಂಟಿನಿಂದ ಮುಚ್ಚಿ, ತಮ್ಮ ಬೆರಳಿನಿಂದಲೇ ಒತ್ತಿ ನುಣುಪು ಮಾಡಿದರು. ಮೊದಲ ಮಳೆಗಾಲದಲ್ಲೇ ಗೋಡೆಯೊಳಗೆ ನೀರು ನಿಂತಿತು, ಗೋಡೆ ಹೊಟ್ಟೆ ಬಿಟ್ಟಿತು. ಒಂದು ಮಧ್ಯಾಹ್ನ ಬುಡದಲ್ಲಿ ಕೂತು ಬುತ್ತಿ ಬಿಚ್ಚುತ್ತಿದ್ದ ಕಾಕುವಿನ ಮೇಲೆ ಬಿತ್ತು.

ಆರನೆಯ ತರಗತಿಯ ವರ್ಷ ನಾನು ಹಟ ತೊಟ್ಟೆ. ಕಾಕಾನ ಬಾಯಿಂದ "ನಿಂತೈತಿ" ಅನ್ನಿಸಲೇಬೇಕು. ಅಪ್ಪನನ್ನು ಪೀಡಿಸಿ ಅರ್ಧ ಚೀಲ ಸಿಮೆಂಟು ತರಿಸಿದೆ. ಒಳಗೆ ಮಣ್ಣು ತುಂಬಿ, ಹೊರಗೆ ಒಂದು ಬಿರುಕೂ ಇಲ್ಲದಂತೆ ಮೆತ್ತಿ, ಮೂರು ದಿನ ಒದ್ದೆ ಗೋಣಿ ಹೊದಿಸಿದೆ. ಬೇರೆ ಮಕ್ಕಳು ಬಂದು ಗುದ್ದಿ ನೋಡಿ ಕೈ ಜಾಡಿಸಿಕೊಂಡು ಹೋದರು.

ಕಾಕಾ ಬಂದರು. ಮೊದಲ ಬಕೆಟ್ ಸುರಿದರು. ನೀರು ಜಾರಿ ಹೋಯಿತು, ಒಂದು ಹರಳೂ ಅಲುಗಲಿಲ್ಲ. ನಾನು ಕುಣಿದೆ. ಅವರು ಕೂತು ಗೋಡೆಯ ಬುಡವನ್ನು ಸುತ್ತಲೂ ಸವರಿ ನೋಡಿದರು. ಅವರ ಮುಖ ಕಪ್ಪಿಟ್ಟಿತು. ಎದ್ದು ಇನ್ನೊಂದು ಬಕೆಟ್ ತಂದು, ಈ ಸಲ ಮೇಲಿನ ಹೊಂಡದೊಳಗೆ ಸ್ವಲ್ಪ ಸ್ವಲ್ಪವಾಗಿ ಬಿಟ್ಟರು. ಹೊಂಡ ನೀರು ಕುಡಿಯುತ್ತಲೇ ಇತ್ತು. ಮೂರನೆಯ ಬಕೆಟ್ಟಿಗೆ ಮುಂದಿನ ಗೋಡೆ ಉಬ್ಬಿತು.

"ಹೊಟ್ಟಿ ಬಂತು, ನೋಡ" ಎಂದರು.

ಗೋಡೆ ಸೀಳಿ ಮಣ್ಣೆಲ್ಲ ಹೊರಬಿತ್ತು. ಮಹಾರಾಜರು ಮುಖ ಅಡಿಯಾಗಿ ಕೆಸರಿನಲ್ಲಿ ಬಿದ್ದರು. ಸುತ್ತ ನಿಂತ ಮಕ್ಕಳು ಕೇಕೆ ಹಾಕಿ ನಕ್ಕರು. ನನಗೆ ಮೈಯೆಲ್ಲ ಉರಿದುಹೋಯಿತು.

"ನಿಮ್ಮ ಗ್ವಾಡಿನೂ ಬಿದ್ದಿತ್ತಲ್ಲ! ಕಾಕುನ್ನ ಕೊಂದೀರಿ ನೀವು!" ಎಂದು ಕಿರುಚಿದೆ.

ಹಂಡೆ ತೊಳೆಯುತ್ತಿದ್ದ ಅವ್ವ ಅಲ್ಲಿಂದಲೇ ಓಡಿಬಂದು ನನ್ನ ಕೆನ್ನೆಗೆ ಬಾರಿಸಿದಳು.

"ಹೊಡೀಬ್ಯಾಡ್ರಿ ಬಾಯಾರ, ಖರೇ ಅಂದಾಳ" ಎಂದರು ಕಾಕಾ. ಕೆಸರಿನಲ್ಲೇ ಮಂಡಿಯೂರಿದರು. ನನ್ನ ಕಿಲ್ಲಾದ ಹಿಂದಿನ ಗೋಡೆಯೊಂದು ಇನ್ನೂ ನಿಂತಿತ್ತು. ಅದರ ಬುಡದಲ್ಲಿ ಬಿರುಕು ಬಿಟ್ಟಿದ್ದ ಸಿಮೆಂಟನ್ನು ಕೆದರಿ, ಉಗುರಿಲ್ಲದ ಆ ಬೆರಳನ್ನು ಒಳಗೆ ತೂರಿಸಿ ತಿರುವಿದರು. ಬೆರಳು ತೆಗೆದಾಗ ಕೆಸರಿನ ಜೊತೆ ರಕ್ತವೂ ಬಂತು, ಅದರ ಹಿಂದೆಯೇ ನೀರು.

"ಬಲಿ ಕೊಟ್ರ ಕೋಟಿ ನಿಲ್ಲತೈತಿ ಅಂತ ಹಿಂದಿನವ್ರು ಹೇಳ್ತಿದ್ರು. ಸುಳ್ಳ ಐತಿ. ನಾ ಕೊಟ್ಟು ನೋಡೀನಿ."

ಬಕೆಟ್ ಅಲ್ಲಿಯೇ ಬಿಟ್ಟು ಖೋಲಿಗೆ ಹೋದರು.

ಮುಂದಿನ ವರ್ಷ ಅವರು ಅಂಗಳಕ್ಕೆ ಇಳಿಯಲಿಲ್ಲ. ಎಲ್ಲ ಕಿಲ್ಲಾಗಳೂ ಹಬ್ಬ ಮುಗಿಯುವವರೆಗೆ ನಿಂತವು, ಮಕ್ಕಳಿಗೆ ಖುಷಿಯೋ ಖುಷಿ. ನಾನು ಕಟ್ಟಲಿಲ್ಲ. ಅದರ ಮುಂದಿನ ದೀಪಾವಳಿಗೆ ಕಾಕಾ ಹಾಸಿಗೆ ಹಿಡಿದಿದ್ದರು. ಸುಣ್ಣದ ಧೂಳು ಎದೆಯಲ್ಲಿ ಕೂತಿತ್ತು. ಅವ್ವ ಗಂಜಿ ಕೊಟ್ಟು ಕಳಿಸಿದಳು. ತಪ್ಪಾಯಿತು ಎನ್ನಬೇಕೆಂದು ಬಾಗಿಲವರೆಗೂ ಬಾಯಲ್ಲಿ ಹೇಳಿಕೊಂಡೇ ಹೋದೆ.

"ಈ ಸಲಾನೂ ಕಿಲ್ಲಾ ಕಟ್ಟಿಲ್ಲೇನು?" ಎಂದು ಕೇಳಿದರು.

"ಇಲ್ರಿ."

"ಕಟ್ಟಬೇಕಾಗಿತ್ತು. ತೂತ ಹೆಂಗ ಬಿಡೂದಂತ ತೋರಿಸಿದ್ನಲ್ಲ."

ಗಂಜಿಯ ಬಟ್ಟಲನ್ನು ನೆಲದ ಮೇಲಿಟ್ಟು ಓಡಿಬಂದೆ. ಎಂಟು ದಿನಕ್ಕೆ ಅವರು ಹೋದರು. ಹೇಳಬೇಕೆಂದಿದ್ದ ಮಾತು ನನ್ನಲ್ಲೇ ಉಳಿಯಿತು.

ಪವಾಯಿಯ ಗುಡ್ಡದ ಬದಿಗೆ ಎದ್ದಿರುವ ಬಿಲ್ಡಿಂಗುಗಳ ತಡೆಗೋಡೆಗಳನ್ನು ಪರೀಕ್ಷಿಸುವುದು ಈಗ ನನ್ನ ನೌಕರಿ. ಬುಡದಲ್ಲಿ ತೂತು ಕಾಣದಿದ್ದರೆ ಒಡೆಸುತ್ತೇನೆ. ಗುತ್ತಿಗೆದಾರರು ಹಿಂದಿನಿಂದ ನನ್ನನ್ನು ರಾಕ್ಷಸಿ ಎನ್ನುತ್ತಾರಂತೆ, ಅನ್ನಲಿ.

ಹೋದ ದೀಪಾವಳಿಗೆ ಮಗಳು ನಮ್ಮ ಬಿಲ್ಡಿಂಗಿನ ಕೆಳಗೆ ಕಿಲ್ಲಾ ಕಟ್ಟಿದಳು. ಚಂದವಾಗಿತ್ತು. ನಾನು ಬಕೆಟ್ ಒಯ್ದು ಸುರಿದೆ. ಅರ್ಧ ಕುಸಿಯಿತು.

"ಮಮ್ಮಾ, ಕ್ಯೂಂ ತೋಡಾ, ಯಾಕ ಕೆಡವಿದಿ? ನೀನು ಭಾಳ ಗಂದೀ, ಕೆಟ್ಟಾಕಿ!"

ಇನ್ನೂ ಏನೋ ಅನ್ನಲು ಬಾಯಿ ತೆರೆದಳು. ಬರಲಿ ಎಂದು ನಾನು ಕಾದೆ. ಆದರೆ ನನ್ನ ಮೇಲೆ ಎಸೆಯಲು ಅವಳ ಬಳಿ ಸತ್ತವರು ಯಾರೂ ಇರಲಿಲ್ಲ, ಬರೀ ಅತ್ತಳು. ನಾನು ಸಮಾಧಾನ ಮಾಡಲಿಲ್ಲ. ಅವಳ ತೋರುಬೆರಳನ್ನು ಹಿಡಿದು, ಉಳಿದಿದ್ದ ಗೋಡೆಯ ಬುಡದಲ್ಲಿ ತೂತಾಗುವಂತೆ, ಅವಳಿಗೆ ನೋವಾಗುವಷ್ಟು ಒತ್ತಿದೆ. ನೀರು ಹೊರಗೆ ಬರುವವರೆಗೂ ಬಿಡಲಿಲ್ಲ.