ಅಪ್ಪ ಹೊಳಪು ಕೊಟ್ಟ ಕ್ಯಾಸೆಟ್

ಮಗಳ ಗೇಮ್ ಬಾಕ್ಸಿನಲ್ಲಿ ಹೊಸ ಆಟದ ಡೌನ್‌ಲೋಡ್ ಬೆಳಗಿನಿಂದ ತೆವಳುತ್ತಿತ್ತು. ವೈಫೈ ಬಿಟ್ಟು ವೈರ್ ಹಾಕೋಣವೆಂದು ಹಳೆಯ ಕೇಬಲ್ ಹುಡುಕಿ ತಂದೆ. ಅದರ ತುದಿಯಲ್ಲಿ ಸಾಲಾಗಿ ಹಳದಿ ಲೋಹದ ಹಲ್ಲುಗಳು.

ಚನ್ನಪಟ್ಟಣದ ಮನೆಯಲ್ಲಿದ್ದ ನನ್ನ ವಿಡಿಯೋ ಗೇಮ್ ಕ್ಯಾಸೆಟ್ಟಿಗೂ ಇಂಥವೇ ಹಲ್ಲುಗಳಿದ್ದವು. ಆಟ ನಿಂತು ನಿಂತು ಓಡಿದರೆ ಊದಿ ಹಾಕುತ್ತಿದ್ದೆ. ಮರದ ಗೊಂಬೆ ಕಡೆಯುತ್ತಿದ್ದ ಅಪ್ಪನಿಗೆ ಅದು ಸರಿಬರಲಿಲ್ಲ.

“ಹಲ್ಲು ಮಂಕಾಗೈತೆ ಕಣವ್ವಾ, ಒಸಿ ಹೊಳಪು ಕೊಟ್ರೆ ಓಡ್ತದೆ” ಎಂದು ಒಯ್ದರು.

ಗೊಂಬೆಗೆ ಹಚ್ಚುವ ಕೆಂಪು ಅರಗನ್ನು ಕಾಯಿಸಿ, ಹಲ್ಲಿನ ಮೇಲೆಲ್ಲ ಸವರಿ, ತಾಳೆಗರಿಯಲ್ಲಿ ತಿಕ್ಕಿ, ಕನ್ನಡಿಯಂತೆ ಮಿಂಚಿಸಿ ತಂದರು. ಅರಗಿನೊಳಗೆ ಕರೆಂಟು ಹಾಯುವುದುಂಟೇ! ಆ ಕ್ಯಾಸೆಟ್ ಮತ್ತೆ ಓಡಲೇ ಇಲ್ಲ.

ಈಗ ನಮ್ಮ ಜೊತೆಗೇ ಇರುವ ಅಪ್ಪ ನನ್ನ ಹೆಗಲ ಹಿಂದಿನಿಂದ ಕೇಬಲ್ಲಿನ ತುದಿಯನ್ನೇ ಬಗ್ಗಿ ನೋಡುತ್ತಿದ್ದಾರೆ.

“ಕೊಡವ್ವಾ ಇಲ್ಲಿ. ಹಲ್ಲು ಮಂಕಾಗೈತೆ.”